ಕೆ. ಕೆ. ಹೆಬ್ಬಾರ್ ಅವರ ಸಂಗೀತ-ನೃತ್ಯ ರೇಖಾಚಿತ್ರಗಳು

ಕಟ್ಟಿಂಗೇರಿ ಕೃಷ್ಣ ಹೆಬ್ಬಾರ್ (1911–1996) ಅವರು ಇಪ್ಪತ್ತನೆಯ ಶತಮಾನದ ಭಾರತದ ಪ್ರಮುಖ ಚಿತ್ರಕಲಾವಿದರಲ್ಲಿ ಒಬ್ಬರು. ಕರ್ನಾಟಕದ ಕರಾವಳಿಯಲ್ಲಿ, ಉಡುಪಿಯ ಸಮೀಪದ ಕಟ್ಟಿಂಗೇರಿಯಲ್ಲಿ ಜನಿಸಿದ ಇವರು ಮುಂಬಯಿಯಲ್ಲಿ ನೆಲೆಸಿ ಕಲಾಸಾಧನೆ ಮಾಡಿದರು. ತೈಲವರ್ಣದ ಚಿತ್ರಗಳಷ್ಟೇ ಪ್ರಸಿದ್ಧವಾದವು ಇವರ ರೇಖಾಚಿತ್ರಗಳು. ಹಾಡುಗಾರರು, ವಾದ್ಯಗಾರರು, ತಾಳಮದ್ದಳೆಯ ಕಲಾವಿದರು ಹಾಗೂ ನರ್ತಕ-ನರ್ತಕಿಯರನ್ನು ಕೆಲವೇ ಗೆರೆಗಳಲ್ಲಿ ಹಿಡಿದಿಟ್ಟ ಈ ಚಿತ್ರಗಳ ಸಂಕಲನವು 1964ರಲ್ಲಿ ‘ದಿ ಸಿಂಗಿಂಗ್ ಲೈನ್’ ಎಂಬ ಹೆಸರಿನಲ್ಲಿ ಪ್ರಕಟವಾಯಿತು. ‘ಹಾಡುವ ರೇಖೆ’ ಎಂದು ಕನ್ನಡದಲ್ಲಿ ಹೇಳಬಹುದಾದ ಈ ಹೆಸರು ಮುಂದೆ ಹೆಬ್ಬಾರರ ರೇಖಾಶೈಲಿಗೇ ಅನ್ವರ್ಥನಾಮವಾಯಿತು.

ಸಂಗೀತವು ಕಿವಿಗೆ ಸೇರಿದ ಕಲೆ; ಚಿತ್ರವು ಕಣ್ಣಿಗೆ ಸೇರಿದ ಕಲೆ. ಹಾಡು ಕಾಲದಲ್ಲಿ ಹರಿಯುತ್ತದೆ, ಚಿತ್ರ ಒಂದೆಡೆ ನಿಲ್ಲುತ್ತದೆ. ನಿಂತ ಚಿತ್ರದಲ್ಲಿ ಹರಿಯುವ ನಾದವನ್ನು ಕಾಣಿಸುವುದು ಹೇಗೆ ಎಂಬ ಪ್ರಶ್ನೆಗೆ ಹೆಬ್ಬಾರರು ಕಂಡುಕೊಂಡ ಉತ್ತರವನ್ನೂ ಆ ಉತ್ತರದ ಸಾಮರ್ಥ್ಯ ಮತ್ತು ಮಿತಿಗಳನ್ನೂ ಈ ಲೇಖನವು ವಿವರಿಸುತ್ತದೆ.

ಜೀವನದ ಹಿನ್ನೆಲೆ

ಹೆಬ್ಬಾರರು 1911ರ ಜೂನ್ ತಿಂಗಳಲ್ಲಿ ತುಳು ಮಾತನಾಡುವ ಕುಟುಂಬದಲ್ಲಿ ಜನಿಸಿದರು. ಆಗ ಉಡುಪಿಯು ಮದರಾಸು ಪ್ರಾಂತ್ಯದ ದಕ್ಷಿಣ ಕನ್ನಡ ಜಿಲ್ಲೆಗೆ ಸೇರಿತ್ತು. ಮೈಸೂರಿನ ಚಾಮರಾಜೇಂದ್ರ ತಾಂತ್ರಿಕ ಸಂಸ್ಥೆಯಲ್ಲಿ ಕೆಲಕಾಲ ಕಲಿತ ಇವರು, ಅನಂತರ ಮುಂಬಯಿಗೆ ತೆರಳಿದರು. ಅಲ್ಲಿ ಕನ್ನಡಿಗರಾದ ದಂಡಾವತಿಮಠ ಅವರು ನಡೆಸುತ್ತಿದ್ದ ನೂತನ ಕಲಾಮಂದಿರದಲ್ಲಿ ಅಭ್ಯಾಸ ಮಾಡಿ, ಸರ್ ಜೆ. ಜೆ. ಕಲಾಶಾಲೆಯಿಂದ 1938ರಲ್ಲಿ ಡಿಪ್ಲೊಮಾ ಪಡೆದರು. 1940ರಿಂದ 1945ರವರೆಗೆ ಅದೇ ಶಾಲೆಯಲ್ಲಿ ಅಧ್ಯಾಪಕರಾಗಿದ್ದರು.

ಜೆ. ಜೆ. ಕಲಾಶಾಲೆಯ ಅಂದಿನ ಶಿಕ್ಷಣದಲ್ಲಿ ಪಾಶ್ಚಾತ್ಯ ವಾಸ್ತವವಾದಿ ಪದ್ಧತಿಗೆ ದೊಡ್ಡ ಸ್ಥಾನವಿತ್ತು. ನೆರಳು-ಬೆಳಕು, ದೇಹದ ಪ್ರಮಾಣ, ದೂರ-ಸಮೀಪಗಳ ಲೆಕ್ಕಾಚಾರ ಇವುಗಳಲ್ಲಿ ವಿದ್ಯಾರ್ಥಿಯು ನುರಿತವನಾಗಬೇಕಿತ್ತು. ಹೆಬ್ಬಾರರು ಇದರಲ್ಲಿ ಪಳಗಿದ್ದರೂ ಇದು ತಮಗೆ ಸಾಲದೆಂದು ಕಂಡುಕೊಂಡರು. ಜೈನ ಹಸ್ತಪ್ರತಿಗಳ ಚಿತ್ರಗಳು, ರಜಪೂತ ಹಾಗೂ ಮೊಘಲ್ ಕಿರುಚಿತ್ರಗಳು, ಅಜಂತೆಯ ಭಿತ್ತಿಚಿತ್ರಗಳು ಅವರನ್ನು ಆಕರ್ಷಿಸಿದವು. ಅಮೃತಾ ಶೇರ್‌ಗಿಲ್ (1913–1941) ಅವರ ಚಿತ್ರಗಳು ಭಾರತೀಯ ವಸ್ತುವನ್ನು ಆಧುನಿಕ ರೀತಿಯಲ್ಲಿ ಕಾಣಿಸುವ ದಾರಿಯೊಂದನ್ನು ತೋರಿದವು. ಕೇರಳದ ಜನಜೀವನವನ್ನು ಕುರಿತ ಅವರ ಆರಂಭದ ಚಿತ್ರಗಳಲ್ಲಿ ಈ ಪ್ರಭಾವಗಳನ್ನು ಗುರುತಿಸಬಹುದು. 1949–50ರಲ್ಲಿ ಅವರು ಪ್ಯಾರಿಸ್‌ನ ಅಕಾದೆಮಿ ಜೂಲಿಯಾಂನಲ್ಲಿ ವ್ಯಾಸಂಗ ಮಾಡಿದರು. 1996ರ ಮಾರ್ಚ್ 26ರಂದು ಮುಂಬಯಿಯಲ್ಲಿ ನಿಧನರಾದರು.

ಸಂಗೀತಗಾರನ ಭಾವಚಿತ್ರ: ಸಮಸ್ಯೆಯ ಸ್ವರೂಪ

ಭಾವಚಿತ್ರವೆಂದರೆ ಸಾಮಾನ್ಯವಾಗಿ ಮುಖದ ಹೋಲಿಕೆ. ಚಿತ್ರವನ್ನು ನೋಡಿದವರು ‘ಇವರು ಇಂಥವರು’ ಎಂದು ಗುರುತಿಸಿದರೆ ಭಾವಚಿತ್ರಕಾರನ ಕೆಲಸ ಸಫಲವಾದಂತೆ. ದೊರೆ, ವ್ಯಾಪಾರಿ, ವಿದ್ವಾಂಸ ಮುಂತಾದವರ ವಿಷಯದಲ್ಲಿ ಇಷ್ಟು ಸಾಕಾಗಬಹುದು. ಅವರು ಕಲಾವಿದನ ಮುಂದೆ ಕುಳಿತ ಹೊತ್ತಿನಲ್ಲಿಯೂ ದೊರೆಯೇ, ವಿದ್ವಾಂಸರೇ. ಸಂಗೀತಗಾರನ ವಿಷಯ ಹಾಗಲ್ಲ. ಅವನು ಹಾಡುತ್ತಿರುವಾಗ ಮಾತ್ರ ಪೂರ್ಣವಾಗಿ ಸಂಗೀತಗಾರ. ವಾದ್ಯವನ್ನು ತೊಡೆಯ ಮೇಲಿಟ್ಟುಕೊಂಡು ಅಲುಗಾಡದೆ ಕುಳಿತವನ ಚಿತ್ರದಲ್ಲಿ ಮುಖವೂ ವಾದ್ಯವೂ ಇರುತ್ತವೆ, ಸಂಗೀತ ಇರುವುದಿಲ್ಲ.

ಈ ಸಮಸ್ಯೆಗೆ ಉತ್ತಮ ಉದಾಹರಣೆ ಮೈಸೂರಿನಲ್ಲಿಯೇ ಇದೆ. ರಾಜಾ ರವಿವರ್ಮ (1848–1906) ಅವರ ‘ಗ್ಯಾಲಕ್ಸಿ ಆಫ್ ಮ್ಯುಸಿಷಿಯನ್ಸ್’ ಎಂಬ ತೈಲಚಿತ್ರವು ಜಗನ್ಮೋಹನ ಅರಮನೆಯ ಕಲಾಶಾಲೆಯಲ್ಲಿದೆ. ಭಾರತದ ಬೇರೆ ಬೇರೆ ಪ್ರದೇಶಗಳ ಉಡುಗೆ-ತೊಡುಗೆಗಳನ್ನು ಧರಿಸಿದ 11 ಮಂದಿ ಮಹಿಳೆಯರು ಇದರಲ್ಲಿದ್ದಾರೆ. ಸೀರೆಯ ನೆರಿಗೆ, ಒಡವೆಯ ಹೊಳಪು, ವಾದ್ಯದ ಮರದ ನುಣುಪು ಇವೆಲ್ಲವೂ ಕಣ್ಣಿಗೆ ಕಟ್ಟುವಂತಿವೆ. ದೇಶದ ವೈವಿಧ್ಯವನ್ನು ಒಂದೇ ಚೌಕಟ್ಟಿನಲ್ಲಿ ತಂದಿರುವುದು ಅದರ ಹಿರಿಮೆ. ಆದರೆ ನೋಡುಗನ ಮನಸ್ಸು ನಿಲ್ಲುವುದು ಮುಖ ಮತ್ತು ವೇಷಭೂಷಣಗಳ ಮೇಲೆ. ಹಾಡು ಶುರುವಾಗುವ ಮೊದಲಿನ ಅಥವಾ ಮುಗಿದ ಅನಂತರದ ನಿಶ್ಶಬ್ದವೇ ಆ ಚಿತ್ರದಲ್ಲಿ ತುಂಬಿದೆ.

ಕರ್ನಾಟಕದಲ್ಲಿನ ಪೂರ್ವಪರಂಪರೆ

ನಾದವನ್ನು ರೂಪಕ್ಕೆ ತರುವ ಪ್ರಯತ್ನ ಭಾರತದಲ್ಲಿ ಹೊಸದಲ್ಲ. 1117ರಲ್ಲಿ ಪ್ರತಿಷ್ಠಾಪನೆಗೊಂಡ ಬೇಲೂರಿನ ಚೆನ್ನಕೇಶವ ದೇವಾಲಯದ ಮದನಿಕೆಯರಲ್ಲಿ ನರ್ತಿಸುವವರೂ ವಾದ್ಯ ನುಡಿಸುವವರೂ ಇದ್ದಾರೆ. ಅಲ್ಲಿ ಶಿಲ್ಪಿಯು ನಾದವನ್ನು ಸೂಚಿಸಿರುವುದು ದೇಹದ ಬಾಗುವಿಕೆಯಿಂದ. ಉತ್ತರ ಭಾರತ ಮತ್ತು ದಖನ್ನಿನ ರಾಗಮಾಲಾ ಚಿತ್ರಗಳು ಇನ್ನೊಂದು ಮಾರ್ಗವನ್ನು ಹಿಡಿದವು. ರಾಗವನ್ನೇ ನಾಯಕನನ್ನಾಗಿ, ರಾಗಿಣಿಯನ್ನು ನಾಯಕಿಯನ್ನಾಗಿ ಕಲ್ಪಿಸಿ, ಋತು, ಹೊತ್ತು ಮತ್ತು ಭಾವಗಳನ್ನು ಅವು ಚಿತ್ರಿಸಿದವು. ಅಲ್ಲಿ ಚಿತ್ರಿತವಾದುದು ರಾಗದ ಭಾವವೇ ಹೊರತು ಅದನ್ನು ಹಾಡಿದ ವ್ಯಕ್ತಿಯಲ್ಲ.

ಆಧುನಿಕ ಕಾಲದಲ್ಲಿ ಚಿತ್ರ ಮತ್ತು ಸಂಗೀತಗಳೆರಡನ್ನೂ ಒಂದೇ ಬದುಕಿನಲ್ಲಿ ಸಾಧಿಸಲು ಹೊರಟ ಕನ್ನಡಿಗರು ಕೆ. ವೆಂಕಟಪ್ಪ (1886–1965). ಕಲ್ಕತ್ತೆಯಲ್ಲಿ ಅವನೀಂದ್ರನಾಥ ಠಾಕೂರರ ಶಿಷ್ಯರಾಗಿದ್ದ ಇವರು ಮೈಸೂರಿಗೆ ಮರಳಿದ ಮೇಲೆ ವೈಣಿಕ ವೀಣೆ ಶೇಷಣ್ಣನವರಲ್ಲಿ (1852–1926) ವೀಣೆಯನ್ನು ಕಲಿತರು. ಆ ಕಲಿಕೆ ಎಷ್ಟು ತೀವ್ರವಾಗಿತ್ತೆಂದರೆ ವೀಣೆಯ ಮೇಲಿನ ತಮ್ಮ ಹುಚ್ಚನ್ನೇ ವಸ್ತುವಾಗಿಸಿ ಒಂದು ಚಿತ್ರವನ್ನೂ ರಚಿಸಿದರು. ವೆಂಕಟಪ್ಪನವರಿಗೆ ಚಿತ್ರವೂ ವೀಣೆಯೂ ಒಂದರ ಪಕ್ಕದಲ್ಲಿ ಒಂದು ನಡೆದ ಎರಡು ಸಾಧನೆಗಳು. ಹೆಬ್ಬಾರರಲ್ಲಿ ನಾದ ಮತ್ತು ಲಯಗಳು ಗೆರೆಯ ಒಳಕ್ಕೇ ಇಳಿದವು. ಇಬ್ಬರ ನಡುವಿನ ಮುಖ್ಯ ವ್ಯತ್ಯಾಸ ಇದೇ.

ಕಥಕ್ ಕಲಿಕೆ

ಲಯದ ಅರ್ಥವನ್ನು ತಿಳಿಯಬೇಕೆಂಬ ಉದ್ದೇಶದಿಂದ ಹೆಬ್ಬಾರರು ಪಂಡಿತ್ ಸುಂದರ್ ಪ್ರಸಾದ್ ಅವರಲ್ಲಿ ಎರಡು ವರ್ಷಗಳ ಕಾಲ ಕಥಕ್ ನೃತ್ಯವನ್ನು ಅಭ್ಯಾಸ ಮಾಡಿದರು. ಸುಂದರ್ ಪ್ರಸಾದರು ಜೈಪುರ ಘರಾಣೆಯ ಗುರುಗಳು. ವೇದಿಕೆಯ ಮೇಲೆ ನರ್ತಕನಾಗಬೇಕೆಂಬ ಆಸೆ ಈ ಕಲಿಕೆಯ ಹಿಂದೆ ಇರಲಿಲ್ಲ. ಚಿತ್ರಕಾರನೊಬ್ಬನು ತನ್ನ ಕಲೆಗಾಗಿ ಇನ್ನೊಂದು ಕಲೆಯ ಮೊದಲ ಪಾಠಕ್ಕೆ ವಿದ್ಯಾರ್ಥಿಯಾಗಿ ಕುಳಿತ ಈ ಪ್ರಸಂಗವು ಅವರ ರೇಖೆಯನ್ನು ಅರಿಯಲು ಮುಖ್ಯವಾದ ಕೀಲಿಕೈ.

ಕಥಕ್ ನೃತ್ಯದ ಆಧಾರ ತಾಳ. ತತ್ಕಾರ ಎನ್ನುವ ಪಾದಘಾತದ ಅಭ್ಯಾಸದಲ್ಲಿ ನರ್ತಕನು ತಾಳದ ಪ್ರತಿಯೊಂದು ಮಾತ್ರೆಯನ್ನೂ ಅಂಗಾಲಿನಿಂದ ನುಡಿಸುತ್ತಾನೆ. ತಬಲಾ ಅಥವಾ ಪಖಾವಜಿನ ಅಕ್ಷರಗಳನ್ನು, ಅಂದರೆ ಬೋಲುಗಳನ್ನು, ಮೊದಲು ಬಾಯಿಯಲ್ಲಿ ಹೇಳಿ ಅನಂತರ ಕಾಲಿನಲ್ಲಿ ಆಡಿ ತೋರಿಸುವುದುಂಟು. ಚಕ್ಕರ್ ಎನ್ನುವ ಸುತ್ತುಗಳನ್ನು ಹಾಕಿ ನರ್ತಕನು ತಾಳದ ಆವರ್ತದ ಮೊದಲ ಮಾತ್ರೆಯಾದ ‘ಸಮ್’ ಮೇಲೆ ತಟ್ಟನೆ ನಿಲ್ಲುತ್ತಾನೆ. ನೋಡುವವರಿಗೆ ಆ ನಿಲುವೊಂದು ಭಂಗಿ. ಆಡಿದವನಿಗೆ ಅದು ಹಿಂದಿನ ಅಷ್ಟೂ ಚಲನೆಯ ಮೊತ್ತ.

ರೇಖಾಚಿತ್ರಕ್ಕೆ ಇದರಿಂದ ದೊರಕುವ ಪಾಠ ಸ್ಪಷ್ಟ. ಹೊರಗೆ ನಿಂತು ನೋಡುವವನು ನರ್ತಕಿಯ ಎತ್ತಿದ ಕೈಯನ್ನು ಒಂದು ಆಕಾರವಾಗಿ ಕಾಣುತ್ತಾನೆ. ತಾನೇ ಕೈಯೆತ್ತಿ ಸುತ್ತಿದವನಿಗೆ ಆ ಕೈ ಎಲ್ಲಿಂದ ಹೊರಟಿತು, ಭಾರ ಯಾವ ಕಾಲಿನ ಮೇಲಿದೆ, ಮುಂದಿನ ಮಾತ್ರೆಗೆ ಅದು ಎತ್ತ ಹೋಗಲಿದೆ ಎಂಬುದು ಮೈಗೆ ತಿಳಿದಿರುತ್ತದೆ. ಹೆಬ್ಬಾರರ ಗೆರೆಯು ಅಂಗಗಳ ಹೊರ ಅಂಚನ್ನು ಬಳಸಿ ಬರುವುದಕ್ಕಿಂತ ಹೆಚ್ಚಾಗಿ ಚಲನೆಯ ದಾರಿಯಲ್ಲಿ ಸಾಗುತ್ತದೆ. ಆದ್ದರಿಂದಲೇ ಅವರ ನರ್ತಕಿಯರು ನಿಂತಂತೆ ಕಾಣುವುದಿಲ್ಲ, ಒಂದು ಚಲನೆಯಿಂದ ಇನ್ನೊಂದಕ್ಕೆ ದಾಟುತ್ತಿರುವಂತೆ ಕಾಣುತ್ತಾರೆ.

ರೇಖೆಯ ಲಕ್ಷಣಗಳು

ಹೆಬ್ಬಾರರ ಸಂಗೀತ-ನೃತ್ಯ ರೇಖಾಚಿತ್ರಗಳಲ್ಲಿ ಎದ್ದು ಕಾಣುವ ಗುಣಗಳನ್ನು ಹೀಗೆ ಸಂಗ್ರಹಿಸಬಹುದು.

ಮಿತವ್ಯಯ: ಚಿತ್ರಕ್ಕೆ ಬೇಕಾದಷ್ಟೇ ಗೆರೆಗಳನ್ನು ಬಳಸಲಾಗುತ್ತದೆ. ಹಿನ್ನೆಲೆ, ವೇದಿಕೆ, ನೆರಳು, ಬಟ್ಟೆಯ ವಿನ್ಯಾಸ ಮುಂತಾದವು ಬಹಳ ಕಡಿಮೆ, ಹಲವೆಡೆ ಇಲ್ಲವೇ ಇಲ್ಲ. ಒಂದು ಗೆರೆಯನ್ನು ತೆಗೆದರೆ ಚಿತ್ರ ಕುಸಿಯುತ್ತದೆ ಎನ್ನುವ ಹಂತದವರೆಗೆ ಇಳಿಸುವ ಕ್ರಮ ಇದು.

ಅವಿಚ್ಛಿನ್ನತೆ: ಕುತ್ತಿಗೆಯಲ್ಲಿ ಹೊರಟ ಗೆರೆ ಭುಜ, ಸೊಂಟಗಳ ಮೂಲಕ ಹಾದು ಪಾದದವರೆಗೂ ಬರಬಹುದು. ಗಾಯಕನು ಉಸಿರು ಕಡಿಯದೆ ಸ್ವರದಿಂದ ಸ್ವರಕ್ಕೆ ಜಾರುವ ಮೀಂಡಿಗೆ ಇದನ್ನು ಹೋಲಿಸಬಹುದು.

ದಪ್ಪ-ತೆಳುವಿನ ವ್ಯತ್ಯಾಸ: ಮಸಿಯ ಗೆರೆ ಒತ್ತಡ ಬಿದ್ದೆಡೆ ದಪ್ಪವಾಗಿ, ಹಗುರವಾದೆಡೆ ತೆಳುವಾಗಿ ಸಾಗುತ್ತದೆ. ತಾಳದಲ್ಲಿ ಘಾತವಿರುವ ಮತ್ತು ಇಲ್ಲದ ಮಾತ್ರೆಗಳಿದ್ದಂತೆ ಗೆರೆಯಲ್ಲೂ ಭಾರದ ಏರಿಳಿತವಿರುತ್ತದೆ.

ಬಿಟ್ಟ ಜಾಗ: ಗೆರೆಯಿಲ್ಲದ ಬಿಳಿಯ ಹಾಳೆಯೂ ಚಿತ್ರದ ಭಾಗವೇ. ಎರಡು ಗೆರೆಗಳು ಸೇರದೆ ನಿಂತ ಕಡೆಯಲ್ಲಿ ನೋಡುಗನ ಕಣ್ಣು ಆ ಅಂತರವನ್ನು ತಾನೇ ತುಂಬಿಕೊಳ್ಳುತ್ತದೆ. ಸಂಗೀತದಲ್ಲಿ ವಿರಾಮ ಮಾಡುವ ಕೆಲಸವನ್ನೇ ಇಲ್ಲಿ ಬಿಳಿ ಮಾಡುತ್ತದೆ.

ಮುಖದ ಸರಳೀಕರಣ: ಕಣ್ಣು, ಮೂಗು, ಬಾಯಿಗಳ ವಿವರ ಅತಿ ಕಡಿಮೆ. ಭಾವವನ್ನು ಹೇಳುವ ಹೊಣೆ ಕತ್ತಿನ ವಾಲುವಿಕೆಗೆ, ಬೆನ್ನಿನ ಬಾಗಿಗೆ, ಬೆರಳುಗಳ ತುದಿಗೆ ವರ್ಗಾವಣೆಯಾಗುತ್ತದೆ.

ಈ ಐದು ಗುಣಗಳಲ್ಲಿ ಕೊನೆಯದು ಹೆಚ್ಚು ಗಮನಾರ್ಹ. ಭಾವಚಿತ್ರದ ಜೀವವೆಂದು ಭಾವಿಸಲಾಗುವ ಮುಖವನ್ನೇ ಬಿಟ್ಟುಕೊಟ್ಟು ಹೆಬ್ಬಾರರು ಲಯವನ್ನು ಪಡೆದರು.

ಕರಾವಳಿಯ ರಂಗಕಲೆಗಳ ಹಿನ್ನೆಲೆ

ಮುಖವಿಲ್ಲದೆಯೂ ಭಾವವನ್ನು ತೋರಬಹುದು ಎಂಬ ನಂಬಿಕೆ ಕರಾವಳಿಯವರಿಗೆ ಅಪರಿಚಿತವಲ್ಲ. ಹೆಬ್ಬಾರರ ಚಿತ್ರಗಳಲ್ಲಿ ಮುಂಬಯಿಯ ಬದುಕಿನ ಜೊತೆಗೆ ಯಕ್ಷಗಾನ, ನಾಗಮಂಡಲ, ಕೋಳಿ ಅಂಕ, ಮೀನುಗಾರರು ಮುಂತಾದ ತವರಿನ ವಸ್ತುಗಳು ಮತ್ತೆ ಮತ್ತೆ ಬರುತ್ತವೆ. ಉಡುಪಿಯಿಂದ ಉತ್ತರಕ್ಕೆ ಬ್ರಹ್ಮಾವರ, ಕುಂದಾಪುರ, ಗಂಗೊಳ್ಳಿ, ಬೈಂದೂರಿನವರೆಗೆ ಹಬ್ಬಿದ ಪ್ರದೇಶವು ಯಕ್ಷಗಾನದ ಬಡಗುತಿಟ್ಟಿನ ಮುಖ್ಯ ನೆಲೆ. ಮಂದಾರ್ತಿ, ಮಾರಣಕಟ್ಟೆ ಮೊದಲಾದ ಕ್ಷೇತ್ರಗಳ ಮೇಳಗಳು ಇಲ್ಲಿಯವು. ಮಳೆಗಾಲ ಕಳೆದು ಮತ್ತೆ ಮಳೆಗಾಲ ಬರುವವರೆಗಿನ ತಿಂಗಳುಗಳಲ್ಲಿ ಈ ಭಾಗದ ಬಯಲುಗಳಲ್ಲಿ ಆಟಗಳು ನಡೆಯುತ್ತವೆ. ಕೋಟದವರಾದ ಡಾ. ಕೆ. ಶಿವರಾಮ ಕಾರಂತರು (1902–1997) ಈ ಕಲೆಯನ್ನು ಅಧ್ಯಯನ ಮಾಡಿ ಬರೆದ ‘ಯಕ್ಷಗಾನ ಬಯಲಾಟ’ ಗ್ರಂಥಕ್ಕೆ 1959ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿ ಬಂದಿತು.

ಗಂಗೊಳ್ಳಿಯು ಪಂಚಗಂಗಾವಳಿ ನದಿಗಳು ಸಮುದ್ರವನ್ನು ಸೇರುವಲ್ಲಿರುವ ಮೀನುಗಾರಿಕೆಯ ಬಂದರು. ನೀರಿನ ಆಚೆ ದಡದಲ್ಲಿ ಕುಂದಾಪುರವಿದೆ. ಇಂಥ ಹೊಳೆ-ಹಿನ್ನೀರುಗಳ ನಾಡಿನಲ್ಲಿ ಆಟದ ಸುದ್ದಿಯನ್ನು ಮೊದಲು ತರುವುದು ಚಂಡೆಯ ಸದ್ದು. ಕತ್ತಲಲ್ಲಿ ದೂರದಿಂದ ನಡೆದು ಬರುವ ಪ್ರೇಕ್ಷಕನಿಗೆ ಮೊದಲು ಲಯ ಕೇಳಿಸುತ್ತದೆ. ಹತ್ತಿರ ಬಂದಂತೆ ಕೇದಗೆ ಮುಂದಲೆಯ ಆಕಾರ, ಎತ್ತಿದ ತೋಳು ಮತ್ತು ಕುಣಿತದ ಸುತ್ತು ಕಾಣಿಸುತ್ತವೆ. ಮುಖದ ಬಣ್ಣ ಸ್ಪಷ್ಟವಾಗುವುದು ಕಟ್ಟಕಡೆಗೆ. ಹೆಬ್ಬಾರರ ರೇಖಾಚಿತ್ರಗಳು ವಿವರಗಳನ್ನು ನೋಡುಗನಿಗೆ ನೀಡುವ ಕ್ರಮವೂ ಹೆಚ್ಚುಕಡಿಮೆ ಇದೇ ಆಗಿದೆ.

ಗಂಗೊಳ್ಳಿಗೆ ಸಮೀಪದ ಉಪ್ಪಿನಕುದ್ರುವಿನ ಯಕ್ಷಗಾನ ಸೂತ್ರದ ಗೊಂಬೆಯಾಟವು ಇದನ್ನು ಇನ್ನಷ್ಟು ಚೆನ್ನಾಗಿ ವಿಶದಪಡಿಸುತ್ತದೆ. ಅಲ್ಲಿನ ಕಾಮತ್ ಮನೆತನವು ತಲೆಮಾರುಗಳಿಂದ ಉಳಿಸಿಕೊಂಡು ಬಂದ ಈ ಕಲೆಯನ್ನು ಕೊಗ್ಗ ಕಾಮತರು ದೇಶವಿದೇಶಗಳಲ್ಲಿ ಪರಿಚಯಿಸಿದರು. ಗೊಂಬೆಯ ಮುಖ ಮರದ್ದು. ಒಮ್ಮೆ ಕೆತ್ತಿ ಬಣ್ಣ ಬಳಿದ ಮೇಲೆ ಅದು ನಗುವುದಿಲ್ಲ, ಅಳುವುದಿಲ್ಲ. ಆದರೂ ಭಾಗವತರ ಪದಕ್ಕೆ ಮತ್ತು ಮದ್ದಲೆಯ ನುಡಿತಕ್ಕೆ ಸರಿಯಾಗಿ ಗೊಂಬೆಯ ಕತ್ತು ಬಾಗಿದಾಗ ನೋಡುವವರಿಗೆ ದುಃಖ ಕಾಣುತ್ತದೆ. ತೋಳು ಮೇಲಕ್ಕೆ ಹಾರಿದಾಗ ಕೋಪ ಕಾಣುತ್ತದೆ. ಬದಲಾಗದ ಮುಖಕ್ಕೆ ಭಾವವನ್ನು ಕೊಡುವುದು ಲಯ. ಇದನ್ನು ನೋಡಿ ಬಲ್ಲವರಿಗೆ ಹೆಬ್ಬಾರರ ಮುಖವಿಲ್ಲದ ಮೃದಂಗ ವಾದಕನು ಅಪೂರ್ಣ ಚಿತ್ರವೆಂದು ತೋರುವುದಿಲ್ಲ.

ಜಾಝ್ ಚಿತ್ರಪರಂಪರೆಯೊಂದಿಗೆ ಹೋಲಿಕೆ

ಸಂಗೀತಗಾರರ ಭಾವಚಿತ್ರವು ಒಂದು ಸ್ವತಂತ್ರ ಪ್ರಕಾರವಾಗಿ ವಿಪುಲವಾಗಿ ಬೆಳೆದ ದೇಶಗಳಲ್ಲಿ ಅಮೆರಿಕ ಮುಖ್ಯವಾದುದು. ಇದಕ್ಕೆ ಕಾರಣ ಜಾಝ್ ಸಂಗೀತ. ಇಪ್ಪತ್ತನೆಯ ಶತಮಾನದ ಆರಂಭದ ಹೊತ್ತಿಗೆ ನ್ಯೂ ಆರ್ಲಿಯನ್ಸ್ ನಗರದ ಕಪ್ಪು ಜನರ ನಡುವೆ ರೂಪುಗೊಂಡ ಈ ಸಂಗೀತದಲ್ಲಿ ಮನೋಧರ್ಮಕ್ಕೆ ದೊಡ್ಡ ಸ್ಥಾನವಿದೆ. ಗೊತ್ತಾದ ಒಂದು ಮಟ್ಟನ್ನು ಹಿಡಿದು ಕಲಾವಿದನು ಆ ಕ್ಷಣದಲ್ಲಿ ಹೊಸದನ್ನು ಕಟ್ಟುತ್ತಾನೆ. ಭಾರತೀಯ ಸಂಗೀತದ ಆಲಾಪನೆ ಮತ್ತು ಸ್ವರಕಲ್ಪನೆಗಳನ್ನು ಬಲ್ಲವರಿಗೆ ಇದು ಸುಲಭವಾಗಿ ಅರ್ಥವಾಗುವ ವಿಷಯ. ಹೆಬ್ಬಾರರು ಮುಂಬಯಿಯಲ್ಲಿ ವಿದ್ಯಾರ್ಥಿಯಾಗಿದ್ದ 1930ರ ದಶಕದಲ್ಲಿ ಆ ನಗರದ ತಾಜ್ ಮಹಲ್ ಹೋಟೆಲಿನಲ್ಲಿ ಅಮೆರಿಕದಿಂದ ಬಂದ ಜಾಝ್ ವಾದ್ಯವೃಂದಗಳು ನುಡಿಸುತ್ತಿದ್ದವು. ಹೆಬ್ಬಾರರ ವಸ್ತು ಜಾಝ್ ಅಲ್ಲ. ಆದರೆ ಜಾಝ್ ಸಂಗೀತಗಾರರನ್ನು ಚಿತ್ರಿಸಿದವರು ಎದುರಿಸಿದ ಪ್ರಶ್ನೆಯೂ ಹೆಬ್ಬಾರರ ಪ್ರಶ್ನೆಯೂ ಒಂದೇ ಆಗಿರುವುದರಿಂದ ಹೋಲಿಕೆ ಉಪಯುಕ್ತವಾಗಿದೆ.

ಹೆಬ್ಬಾರರು ಹುಟ್ಟಿದ 1911ರಲ್ಲಿಯೇ ಹುಟ್ಟಿದ ಅಮೆರಿಕದ ಕಲಾವಿದ ರೊಮೇರ್ ಬಿಯರ್ಡನ್ (1911–1988) ನ್ಯೂಯಾರ್ಕಿನ ಹಾರ್ಲೆಮ್ ಬಡಾವಣೆಯಲ್ಲಿ ಜಾಝ್ ಕೇಳುತ್ತ ಬೆಳೆದವರು. ಹಿರಿಯ ಚಿತ್ರಕಾರ ಸ್ಟುವರ್ಟ್ ಡೇವಿಸ್ ಅವರ ಪ್ರೇರಣೆಯಿಂದ ಪಿಯಾನೋ ವಾದಕ ಅರ್ಲ್ ಹೈನ್ಸ್ ಅವರ ಧ್ವನಿಮುದ್ರಿಕೆಗಳನ್ನು ಮತ್ತೆ ಮತ್ತೆ ಕೇಳಿದರು. ಅವುಗಳಲ್ಲಿ ಬಿಯರ್ಡನ್ ಗಮನಿಸಿದ್ದು ಸ್ವರಗಳ ನಡುವಿನ ಮೌನದ ಅಂತರಗಳನ್ನು. ತಮ್ಮ ಚಿತ್ರಗಳಲ್ಲಿ ಆಕಾರಗಳ ನಡುವಿನ ಅಂತರವನ್ನು ಹೇಗೆ ಕೂಡಿಸಬೇಕೆಂಬುದನ್ನು ಅವರು ಅಲ್ಲಿಂದ ಕಲಿತರು. ಕಾಗದದ ತುಂಡುಗಳನ್ನು ಅಂಟಿಸಿ ರಚಿಸುವ ಕೊಲಾಜ್ ಪದ್ಧತಿಯಲ್ಲಿ ಸಂಗೀತಗಾರರ ಅನೇಕ ಚಿತ್ರಗಳನ್ನು ಅವರು ಮಾಡಿದರು. ಒಬ್ಬರು ಮೈಯಲ್ಲಿ ಕಥಕ್ ಕಲಿತು, ಇನ್ನೊಬ್ಬರು ಕಿವಿಯಿಂದ ಪಿಯಾನೋ ಕಲಿತು, ಇಬ್ಬರೂ ಸಂಗೀತದ ರಚನೆಯನ್ನೇ ಚಿತ್ರದ ರಚನೆಯನ್ನಾಗಿ ಮಾಡಿಕೊಂಡರು.

ರೇಖೆಯ ದೃಷ್ಟಿಯಿಂದ ಹೆಬ್ಬಾರರಿಗೆ ಇನ್ನೂ ಸಮೀಪದವರು ಡೇವಿಡ್ ಸ್ಟೋನ್ ಮಾರ್ಟಿನ್ (1913–1992). 1940 ಮತ್ತು 50ರ ದಶಕಗಳಲ್ಲಿ ಜಾಝ್ ಧ್ವನಿಮುದ್ರಿಕೆಗಳ ಹೊದಿಕೆಗಳಿಗೆ ಇವರು ಮಸಿಯ ಗೆರೆಗಳಿಂದ ನೂರಾರು ಚಿತ್ರಗಳನ್ನು ಬರೆದರು. ಚಾರ್ಲಿ ಪಾರ್ಕರ್, ಬಿಲಿ ಹಾಲಿಡೇ, ಆರ್ಟ್ ಟೇಟಮ್ ಮೊದಲಾದವರು ಆ ಹೊದಿಕೆಗಳ ಮೇಲೆ ಕಾಣಿಸಿಕೊಂಡರು. ವಾದ್ಯ ಹಿಡಿದ ಬೆರಳುಗಳ ಗಂಟುಗಂಟನ್ನೂ ತೋರಿಸುವ ನಡುಗುವ ಗೆರೆ ಮಾರ್ಟಿನ್ನರದು. ಬೆರಳನ್ನು ಒಂದೇ ಬಾಗಿನಲ್ಲಿ ಮುಗಿಸಿಬಿಡುವ ಹರಿಯುವ ಗೆರೆ ಹೆಬ್ಬಾರರದು. ಮುಂದೆ ಫ್ರೆಡರಿಕ್ ಜೆ. ಬ್ರೌನ್ (1945–2012) ಜಾಝ್ ಮತ್ತು ಬ್ಲೂಸ್ ಸಂಗೀತಗಾರರ ನೂರಾರು ವರ್ಣ ಭಾವಚಿತ್ರಗಳನ್ನು ರಚಿಸಿ ಈ ಪರಂಪರೆಯನ್ನು ಮುಂದುವರಿಸಿದರು.

ಹೆಸರಿನ ಪ್ರಶ್ನೆ

ಈ ಹೋಲಿಕೆಯಲ್ಲಿ ಒಂದು ಮುಖ್ಯ ಭೇದವೂ ಇದೆ. ಜಾಝ್ ಭಾವಚಿತ್ರಗಳಿಗೆ ಬಹುಮಟ್ಟಿಗೆ ಹೆಸರಿದೆ. ಹಾರ್ಲೆಮ್‌ನ ಪ್ರಸಿದ್ಧ ಕಾಟನ್ ಕ್ಲಬ್‌ನಲ್ಲಿ 1927ರಿಂದ ಕೆಲವು ವರ್ಷ ಡ್ಯೂಕ್ ಎಲಿಂಗ್ಟನ್ ಅವರ ವಾದ್ಯವೃಂದ ನುಡಿಸುತ್ತಿತ್ತು. ವೇದಿಕೆಯ ಮೇಲಿದ್ದವರು ಕಪ್ಪು ಕಲಾವಿದರು. ಪ್ರೇಕ್ಷಕರಾಗಿ ಒಳಗೆ ಬರಲು ಮಾತ್ರ ಬಿಳಿಯರಿಗಷ್ಟೇ ಅವಕಾಶವಿತ್ತು. ಇಂಥ ಸಮಾಜದಲ್ಲಿ ಕಪ್ಪು ಸಂಗೀತಗಾರನ ಮುಖವನ್ನು ದೊಡ್ಡದಾಗಿ ಬರೆದು ಅದರ ಕೆಳಗೆ ಅವನ ಹೆಸರನ್ನು ಬರೆಯುವುದು ಒಂದು ಗೌರವದ ಕೆಲಸವೂ ನ್ಯಾಯದ ಕೆಲಸವೂ ಆಗಿತ್ತು. ಅಲ್ಲಿ ಮುಖವನ್ನು ಬಿಟ್ಟುಕೊಡುವುದು ಸುಲಭವಿರಲಿಲ್ಲ.

ಹೆಬ್ಬಾರರ ರೇಖಾಚಿತ್ರಗಳ ಹಾಡುಗಾರರು ಮತ್ತು ವಾದ್ಯಗಾರರು ಬಹುಪಾಲು ಹೆಸರಿಲ್ಲದವರು. ಅವರು ಇಂಥ ಊರಿನ ಇಂಥ ವ್ಯಕ್ತಿಯಾಗಿ ಬರುವುದಿಲ್ಲ. ಗಾಯಕ, ವಾದಕ, ನರ್ತಕಿ ಎಂಬ ಮಾದರಿಗಳಾಗಿ ಬರುತ್ತಾರೆ. ಇದು ಭಾರತದ ಶಿಲ್ಪ ಮತ್ತು ಕಿರುಚಿತ್ರ ಪರಂಪರೆಗೆ ಒಪ್ಪುವ ಕ್ರಮ. ಬೇಲೂರಿನ ಮದನಿಕೆಯೂ ಒಬ್ಬ ನಿರ್ದಿಷ್ಟ ನರ್ತಕಿಯ ಭಾವಚಿತ್ರವೆಂದು ಗುರುತಿಸಲ್ಪಟ್ಟಿಲ್ಲ. ವ್ಯಕ್ತಿಯನ್ನು ಬಿಟ್ಟುದರಿಂದ ರೇಖೆಗೆ ವ್ಯಾಪಕತೆ ದೊರಕಿತು ಎಂಬುದು ನಿಜ. ಅದರ ಜೊತೆಗೆ ಒಂದು ನಷ್ಟವೂ ಇದೆ.

ಆ ನಷ್ಟ ಯಾವುದೆಂದು ತಿಳಿಯಲು ಮತ್ತೆ ಕರಾವಳಿಯ ಕಡೆಗೆ ನೋಡಬೇಕು. ಕುಂದಾಪುರ-ಬ್ರಹ್ಮಾವರ ಸೀಮೆಯ ಜನರು ಯಕ್ಷಗಾನ ಕಲಾವಿದರನ್ನು ಅವರವರ ಹೆಸರಿನಿಂದ, ಬಹಳ ಸಲ ಊರಿನ ಹೆಸರನ್ನೂ ಸೇರಿಸಿ ನೆನೆಯುತ್ತಾರೆ. ನಾರಣಪ್ಪ ಉಪ್ಪೂರರ ಹಾಡುಗಾರಿಕೆ ಒಂದು ಬಗೆ; 1990ರಲ್ಲಿ ಎಳೆಯ ವಯಸ್ಸಿನಲ್ಲಿಯೇ ತೀರಿಹೋದ ಗುಂಡ್ಮಿ ಕಾಳಿಂಗ ನಾವಡರ ಹಾಡುಗಾರಿಕೆ ಇನ್ನೊಂದು ಬಗೆ. ಕೇಳಿ ಬಲ್ಲವರು ಪದದ ಒಂದು ಎತ್ತುಗಡೆಯಿಂದಲೇ ಭಾಗವತರು ಯಾರೆಂದು ಹೇಳುತ್ತಾರೆ. ಹೀಗೆ ಕಿವಿಯು ಹೆಸರಿಟ್ಟು ಗುರುತಿಸುವ ವ್ಯಕ್ತಿವಿಶೇಷವನ್ನು ಕಣ್ಣಿಗೆ ತಂದುಕೊಡುವ ಚಿತ್ರಗಳು ಜಾಝ್ ಕಲಾವಿದರಿಗೆ ದೊರೆತಷ್ಟು ಸಂಖ್ಯೆಯಲ್ಲಿ ನಮ್ಮ ಭಾಗವತರಿಗೆ, ಮದ್ದಲೆಗಾರರಿಗೆ, ಚಂಡೆವಾದಕರಿಗೆ ದೊರೆತಿಲ್ಲ. ಲಯವನ್ನು ಹಿಡಿಯುವ ಗೆರೆಯ ದಾರಿಯನ್ನು ಹೆಬ್ಬಾರರು ಮಾಡಿಕೊಟ್ಟರು. ಅದೇ ಗೆರೆಯಲ್ಲಿ ಒಬ್ಬೊಬ್ಬರ ಹೆಸರನ್ನೂ ಉಳಿಸುವ ಕೆಲಸ ಮುಂದಿನ ಚಿತ್ರಕಾರರಿಗೆ ಸೇರಿದ್ದಾಗಿದೆ.

ವರ್ಣಚಿತ್ರಗಳ ಮೇಲಿನ ಪರಿಣಾಮ

ರೇಖಾಚಿತ್ರವು ಹೆಬ್ಬಾರರಿಗೆ ವರ್ಣಚಿತ್ರದ ಪೂರ್ವಸಿದ್ಧತೆ ಮಾತ್ರವಾಗಿರಲಿಲ್ಲ; ತಾನೇ ಪೂರ್ಣವಾದ ಕೃತಿಯಾಗಿತ್ತು. ಆದರೂ ರೇಖೆಯಲ್ಲಿ ಗಳಿಸಿದ ಲಯಪ್ರಜ್ಞೆ ಅವರ ತೈಲಚಿತ್ರಗಳಿಗೂ ಹರಡಿತು. ದುಡಿಯುವ ಜನರು, ಹಸಿವು, ಹಬ್ಬ, ಯುದ್ಧದ ಸಂಕಟ, ಪ್ರಕೃತಿ ಮುಂತಾಗಿ ಅವರ ವಸ್ತುವಿನ ಹರವು ದೊಡ್ಡದು. ಈ ಚಿತ್ರಗಳಲ್ಲಿ ಮನುಷ್ಯರು ಬಿಡಿಬಿಡಿಯಾಗಿ ನಿಲ್ಲುವುದಕ್ಕಿಂತ ಹೆಚ್ಚಾಗಿ ಒಂದು ಸಾಮೂಹಿಕ ಚಲನೆಯ ಭಾಗವಾಗಿ ಸೇರಿಕೊಳ್ಳುತ್ತಾರೆ. ನಂತರದ ವರ್ಷಗಳ ಕೃತಿಗಳಲ್ಲಿ ಆಕಾರಗಳು ಅಮೂರ್ತದ ಕಡೆಗೆ ವಾಲಿದಾಗಲೂ ಈ ಚಲನೆ ಉಳಿದುಕೊಂಡಿತು.

ರೇಖಾಚಿತ್ರವನ್ನು ನೋಡುವ ಬಗೆ

ಹೆಬ್ಬಾರರ ರೇಖಾಚಿತ್ರವನ್ನು ಮೊದಲ ಬಾರಿ ನೋಡುವ ವಿದ್ಯಾರ್ಥಿಗಳಿಗೆ ಕೆಳಗಿನ ಕ್ರಮ ಸಹಾಯಕವಾಗಬಹುದು. ಮೊದಲಿಗೆ ಚಿತ್ರದಲ್ಲಿ ಅತಿ ಉದ್ದವಾದ ಗೆರೆ ಯಾವುದೆಂದು ಗುರುತಿಸಿ, ಅದು ಆರಂಭವಾದಲ್ಲಿಂದ ಮುಗಿಯುವವರೆಗೆ ಬೆರಳಿನಿಂದ ಗಾಳಿಯಲ್ಲಿ ಬರೆದು ನೋಡಬೇಕು. ಆಗ ಕೈ ಎಲ್ಲಿ ವೇಗವಾಗಿ ಸಾಗುತ್ತದೆ, ಎಲ್ಲಿ ನಿಧಾನವಾಗುತ್ತದೆ ಎಂಬುದು ತಿಳಿಯುತ್ತದೆ. ಎರಡನೆಯದಾಗಿ, ಗೆರೆ ದಪ್ಪವಾದ ಸ್ಥಳಗಳನ್ನು ಗಮನಿಸಬೇಕು. ದೇಹದ ಭಾರ ಅಥವಾ ತಾಳದ ಪೆಟ್ಟು ಬಿದ್ದ ಜಾಗ ಅದಾಗಿರುತ್ತದೆ. ಮೂರನೆಯದಾಗಿ, ಬರೆಯದೆ ಬಿಟ್ಟದ್ದೇನು ಎಂದು ಕೇಳಿಕೊಳ್ಳಬೇಕು. ಕೊನೆಯಲ್ಲಿ, ಚಿತ್ರದ ವ್ಯಕ್ತಿಯು ಮುಂದಿನ ಕ್ಷಣದಲ್ಲಿ ಯಾವ ಕಡೆಗೆ ಚಲಿಸಬಹುದೆಂದು ಊಹಿಸಬೇಕು. ಈ ಊಹೆ ಸುಲಭವಾಗಿ ಸಾಧ್ಯವಾದರೆ ರೇಖೆಯು ಲಯವನ್ನು ತಲುಪಿಸಿದೆ ಎಂದರ್ಥ.

ಪ್ರಶಸ್ತಿ ಮತ್ತು ಗೌರವಗಳು

ಹೆಬ್ಬಾರರಿಗೆ ಭಾರತ ಸರ್ಕಾರವು 1961ರಲ್ಲಿ ಪದ್ಮಶ್ರೀ ಹಾಗೂ 1989ರಲ್ಲಿ ಪದ್ಮಭೂಷಣ ಪ್ರಶಸ್ತಿಗಳನ್ನು ನೀಡಿತು. ಕೇಂದ್ರ ಲಲಿತಕಲಾ ಅಕಾಡೆಮಿಯ ರಾಷ್ಟ್ರೀಯ ಪ್ರಶಸ್ತಿ ಮತ್ತು ಫೆಲೋಶಿಪ್ ಇವರಿಗೆ ಸಂದವು. 1980ರ ದಶಕದ ಆರಂಭದಲ್ಲಿ ಅದೇ ಅಕಾಡೆಮಿಯ ಅಧ್ಯಕ್ಷರಾಗಿ ಸೇವೆ ಸಲ್ಲಿಸಿದರು. ಮೈಸೂರು ವಿಶ್ವವಿದ್ಯಾನಿಲಯವು ಗೌರವ ಡಾಕ್ಟರೇಟ್ ನೀಡಿ ಗೌರವಿಸಿತು. ಕರ್ನಾಟಕ ಸರ್ಕಾರದ ವರ್ಣಶಿಲ್ಪಿ ವೆಂಕಟಪ್ಪ ಪ್ರಶಸ್ತಿಯೂ ಇವರಿಗೆ ಲಭಿಸಿದೆ. ವೀಣೆಗಾಗಿ ಕುಂಚವನ್ನು ಬದಿಗಿಟ್ಟ ಹಿರಿಯ ಕಲಾವಿದನ ಹೆಸರಿನ ಗೌರವವು ಲಯಕ್ಕಾಗಿ ಗೆಜ್ಜೆ ಕಟ್ಟಿದ ಕಲಾವಿದನಿಗೆ ಹೀಗೆ ಸಂದಿತು. ಇವರ ಆತ್ಮಕಥನ ‘ವಾಯೇಜ್ ಇನ್ ಇಮೇಜಸ್’ 1991ರಲ್ಲಿ ಪ್ರಕಟವಾಯಿತು.

ಸಂಗ್ರಹಗಳು

ಹೆಬ್ಬಾರರ ಕೃತಿಗಳನ್ನು ಕರ್ನಾಟಕದಲ್ಲಿ ಬೆಂಗಳೂರಿನ ಕರ್ನಾಟಕ ಚಿತ್ರಕಲಾ ಪರಿಷತ್ತಿನಲ್ಲಿಯೂ ಕಸ್ತೂರಬಾ ರಸ್ತೆಯ ವೆಂಕಟಪ್ಪ ಚಿತ್ರಶಾಲೆಯಲ್ಲಿಯೂ ಸಂಗ್ರಹಿಸಿಡಲಾಗಿದೆ. ರಾಷ್ಟ್ರೀಯ ಆಧುನಿಕ ಕಲಾ ಸಂಗ್ರಹಾಲಯದ ಸಂಗ್ರಹದಲ್ಲಿಯೂ ಇವರ ಚಿತ್ರಗಳಿವೆ. ಹುಟ್ಟೂರಿಗೆ ಸಮೀಪದ ಮಣಿಪಾಲದಲ್ಲಿ ಇವರ ಹೆಸರಿನ ಹೆಬ್ಬಾರ್ ಗ್ಯಾಲರಿ ಮತ್ತು ಕಲಾಕೇಂದ್ರವಿದ್ದು, ಕುಂದಾಪುರ, ಗಂಗೊಳ್ಳಿ, ಬೈಂದೂರು ಕಡೆಯ ವಿದ್ಯಾರ್ಥಿಗಳಿಗೆ ಬೆಂಗಳೂರು, ಮುಂಬಯಿಗಳಿಗಿಂತ ಇದೇ ಹತ್ತಿರದ್ದು.